ಎಂಟು ಮುಚ್ಚಳ ವಿನೆಗರ್

ನನಗೆ ಸಿಟ್ಟು ಬೇಗ ಬರುತ್ತದೆ, ಇಲ್ಲ ಅನ್ನುವುದಿಲ್ಲ. ಯೂನಿಫಾರ್ಮ್ ಹೊಲಿಯುವ ಫ್ಯಾಕ್ಟರಿಯಲ್ಲಿ ಮೂವತ್ತು ವರ್ಷ ಮಿಷನ್ ತುಳಿದವಳು ನಾನು. ನನ್ನ ಸಾಲಿನ ಹೆಂಗಸರು ಬೆನ್ನ ಹಿಂದೆ ನನ್ನನ್ನು ‘ಇಸ್ತ್ರಿಪೆಟ್ಟಿಗೆ’ ಎಂದು ಕರೆಯುತ್ತಿದ್ದರು. ಕರೆಯಲಿ, ಮುಟ್ಟಿದವರಿಗೆ ತಾನೇ ಸುಡುವುದು. ಆದರೆ ಬರಬೇಕಾದ ದಿನ ಬರದೆ, ಎರಡು ವಾರ ತಡವಾಗಿ ಬಂದ ಸಿಟ್ಟಿಗೆ ಏನನ್ನಬೇಕು? ಅದನ್ನೇ ಹೇಳುತ್ತೇನೆ, ಕೇಳಿ.

ಎಲ್ಲ ಶುರುವಾದದ್ದು ನಮ್ಮವರ ಬಿ.ಪಿ.ಯಿಂದ. ಜೀವಮಾನವೆಲ್ಲ ಮನೆಮನೆಗೆ ಟಪಾಲು ಹಂಚಿದ ಮನುಷ್ಯ, ನಿವೃತ್ತಿಯಾದ ಮೇಲೆ ಕುರ್ಚಿ ಬಿಟ್ಟು ಏಳಲಿಲ್ಲ. ಡಾಕ್ಟರು ಬೈದು, ಉಪ್ಪು ಕಡಿಮೆ ಮಾಡಿ, ದಿನಾ ಊಟಕ್ಕೆ ಮೊದಲು ಒಂದು ಬಟ್ಟಲು ಹಸಿ ಸೊಪ್ಪು ತರಕಾರಿ ತಿನ್ನಿ ಅಂದರು. ಮೊದಲ ದಿನ ಲೆಟ್ಯೂಸ್ ಎಲೆ, ಸೌತೆಕಾಯಿ, ಕ್ಯಾರೆಟ್ ಹೆಚ್ಚಿ ಮುಂದಿಟ್ಟರೆ ನಮ್ಮವರು ಬಟ್ಟಲನ್ನು ಮೇಜಿನ ಆ ತುದಿಗೆ ತಳ್ಳಿದರು.

“ನಾನೇನು ಮೇಕೆನಾ?”

“ಮೇಕೆಯಾಗಿದ್ರೆ ಇಷ್ಟು ಹಟ ಮಾಡ್ತಿರಲಿಲ್ಲ,” ಅಂದೆ.

ಸೊಸೆ ನಕ್ಕಳು. ಅವಳು ಎರಡು ಬೀದಿ ಆಚೆಯ ಔಷಧಿ ಅಂಗಡಿಯಲ್ಲಿ ಕೆಲಸ ಮಾಡುತ್ತಾಳೆ. ಮಾತ್ರೆ ಎಣಿಸಿ ಕೊಡುವುದು, ಮಕ್ಕಳ ಔಷಧಿಯ ಪುಡಿಗೆ ಬಾಟಲಿಯ ಗೆರೆಯವರೆಗೆ ನೀರು ಬೆರೆಸಿ ಕೊಡುವುದು ಅವಳ ಕೌಂಟರಿನ ಕೆಲಸ. ಮರುದಿನ ಬರುವಾಗ ದಿನಸಿ ಅಂಗಡಿಯಿಂದ ಸಲಾಡ್ ಡ್ರೆಸ್ಸಿಂಗಿನ, ಅಂದರೆ ಹಸಿ ಸೊಪ್ಪಿಗೆ ಬೆರೆಸಿ ತಿನ್ನುವ ರಸದ, ಒಂದು ಬಾಟಲಿ ತಂದಳು. ನಮ್ಮವರು ಒಂದು ಚಮಚ ನೆಕ್ಕಿ, “ಇದು ಸಕ್ಕರೆ ಪಾಕ,” ಅಂದರು. ಸೊಸೆ ಬಾಟಲಿ ತಿರುಗಿಸಿ, ಅದರ ಹಿಂದೆ ಇರುವೆಯಷ್ಟು ಸಣ್ಣಗೆ ಬರೆದದ್ದನ್ನೆಲ್ಲ ಓದಿ, “ಮಾವ ಹೇಳೋದು ಸರಿ. ಪಟ್ಟೀಲಿ ಸಕ್ಕರೇನೇ ಮೊದಲಿದೆ, ಉಪ್ಪೂ ಜಾಸ್ತಿ. ನಾನೇ ಮಾಡ್ತೀನಿ,” ಅಂದಳು.

ಹಾಗೆ ನಮ್ಮ ಮನೆಗೆ ‘ಹಳದಿ’ ಬಂತು. ಜೇನು, ಸಾಸಿವೆ ಹಾಕಿ ಮಾಡಿದ ಡ್ರೆಸ್ಸಿಂಗು ಅಂತ ಉದ್ದಕ್ಕೆ ಹೇಳಲು ನಮ್ಮವರ ನಾಲಿಗೆ ಹೊರಳದು. “ಹಳದಿ ಇದೆಯೇನಮ್ಮ?” ಅಂದರು, ಅದೇ ಹೆಸರಾಯಿತು. ಸಾಸಿವೆಯನ್ನು ಮಿಕ್ಸಿಯಲ್ಲಿ ತರಿತರಿಯಾಗಿ ಪುಡಿ ಮಾಡಿ, ಸ್ವಲ್ಪ ನೀರು, ಸ್ವಲ್ಪ ವಿನೆಗರ್ ಹಾಕಿ ಕಲಸಿ ಗಾಜಿನ ಜಾಡಿಯಲ್ಲಿ ಎರಡು ದಿನ ಮುಚ್ಚಿಡಬೇಕು. ಆಗ ಅದರ ಕಹಿ ಇಳಿಯುತ್ತದೆ. ಆಮೇಲೆ ಅದಕ್ಕೆ ಜೇನುತುಪ್ಪ, ಜಜ್ಜಿದ ಒಂದು ಎಸಳು ಬೆಳ್ಳುಳ್ಳಿ, ಕಾಳುಮೆಣಸಿನ ಪುಡಿ, ಚಿಟಿಕೆ ಉಪ್ಪು, ವಿನೆಗರ್. ಕೊನೆಗೆ ಎಣ್ಣೆ, ಒಂದೇ ಸಲ ಸುರಿಯದೆ, ಸ್ವಲ್ಪ ಸ್ವಲ್ಪ ಹಾಕಿ, ಪ್ರತಿಸಲ ಮುಚ್ಚಳ ಬಿಗಿದು ಕೈ ಸೋಲುವವರೆಗೆ ಕುಲುಕಬೇಕು. ಇದನ್ನೆಲ್ಲ ಈಗ ಗಿಣಿಯ ಹಾಗೆ ಹೇಳುತ್ತಿದ್ದೇನೆ. ಆಗ ನನಗೆ ಇದರಲ್ಲಿ ಒಂದಕ್ಷರವೂ ಗೊತ್ತಿರಲಿಲ್ಲ. ಅಡುಗೆಮನೆಯಿಂದ ಜಾಡಿ ಕುಲುಕುವ ಸದ್ದು ಬರುತ್ತಿತ್ತು, ನಾವು ಟಿ.ವಿ. ಸದ್ದು ಜಾಸ್ತಿ ಮಾಡುತ್ತಿದ್ದೆವು.

ಎರಡು ವರ್ಷ ನಮ್ಮವರು ಸೊಪ್ಪು ತಿಂದರು. ಬರೀ ತಿಂದದ್ದಲ್ಲ, ಬಟ್ಟಲು ಒರೆಸಿ ತಿಂದರು. ಬಿ.ಪಿ. ಇಳಿಯಿತು. ಡಾಕ್ಟರು ಬೆನ್ನು ತಟ್ಟಿದ್ದು ನನ್ನದು. “ಚೆನ್ನಾಗಿ ನೋಡಿಕೊಂಡಿದ್ದೀರಮ್ಮ,” ಅಂದರು. ನಾನೂ ತಲೆಯಾಡಿಸಿ ಬಂದೆ.

ನನ್ನ ಮಗಳದು ಇಲ್ಲೇ ಮೂರು ಬೀದಿ ಆಚೆ ಸ್ವಂತ ಅಡುಗೆಮನೆ. ನಾಲ್ಕು ಜನ ಹೆಂಗಸರನ್ನು ಇಟ್ಟುಕೊಂಡು ಆಫೀಸುಗಳಿಗೆ ಮಧ್ಯಾಹ್ನದ ಊಟದ ಡಬ್ಬಿ ಕಳಿಸುತ್ತಾಳೆ. ಓಡಾಡುವ, ಬಾಯಿಯಿರುವ, ಯಾರಿಗೂ ತಲೆ ತಗ್ಗಿಸದ ಮಗಳು ಅಂತ ನಾನು ಸದಾ ಹೆಮ್ಮೆಪಟ್ಟವಳು. ಒಂದು ಭಾನುವಾರ ನಮ್ಮಲ್ಲಿ ಊಟಕ್ಕೆ ಕೂತಳು. ಎಲೆಯನ್ನು ಹಳದಿಯಲ್ಲಿ ಅದ್ದಿ ಬಾಯಿಗಿಟ್ಟವಳು ಕಣ್ಣರಳಿಸಿದಳು.

“ಅಮ್ಮ, ಏನಿದು! ಇಷ್ಟು ದಿನ ನನಗೆ ಯಾಕೆ ಕೊಟ್ಟಿಲ್ಲ?”

“ನಿಮಗೆ ಸಲಾಡ್ ಅಂದ್ರೆ ಆಗಲ್ಲ ಅಂತಿದ್ರಲ್ಲ ಅಕ್ಕ,” ಅಂದಳು ಸೊಸೆ, ಅವಳ ತಟ್ಟೆಗೆ ಬ್ರೆಡ್ಡು ಹಾಕುತ್ತ.

“ನಾನು ಅಮ್ಮನ್ನ ಕೇಳ್ತಿದೀನಿ.”

ಹೋಗುವಾಗ ಜಾಡಿಯನ್ನೇ ಎತ್ತಿಕೊಂಡು ಹೋದಳು. ಆ ವಾರ ಮೂರು ಸಲ ಬಂದು ಮೂರು ಜಾಡಿ ಒಯ್ದಳು. ಸೊಸೆ ಅಂಗಡಿಗೆ ಹೋಗುವ ಮೊದಲು, ನೆರಿಗೆ ಸಿಕ್ಕಿಸಿಕೊಂಡು ನಿಂತೇ ಜಾಡಿ ಕುಲುಕಿದಳು. ಮಗಳು ಅದನ್ನು ಪುಟ್ಟ ಪುಟ್ಟ ಪ್ಲಾಸ್ಟಿಕ್ ಬಟ್ಟಲುಗಳಲ್ಲಿ ತುಂಬಿ, ಒಂದು ವಿಮಾ ಆಫೀಸಿನ ಊಟದ ಡಬ್ಬಿಗಳ ಜೊತೆ ಕಳಿಸಿದಳು. ಅಲ್ಲಿ ಒಳ್ಳೆ ಹೆಸರು ಬಂತು. ಶನಿವಾರ ಒಂದು ಬಟ್ಟಲು ತಂದು ನನ್ನ ಕೈಗಿಟ್ಟಳು. ಮುಚ್ಚಳದ ಮೇಲೆ ದುಂಡನೆಯ ಚೀಟಿ, ಅದರಲ್ಲಿ ಕನ್ನಡಕ ಹಾಕಿದ ಒಬ್ಬ ಮುದುಕಿಯ ಚಿತ್ರ, ಕೆಳಗೆ ‘ಅಮ್ಮನ ಹಳದಿ’.

“ನೋಡು, ನಿನ್ನ ಥರಾನೇ ಇದಾಳೆ ಅಲ್ವಾ?” ಅಂದಳು.

ನನಗೆ ಆ ಕ್ಷಣ ಏನಾಯಿತು ಗೊತ್ತೇ? ಖುಷಿಯಾಯಿತು! ಮೂವತ್ತು ವರ್ಷ ಹೊಲಿದ ಸಾವಿರಾರು ಅಂಗಿಗಳಲ್ಲಿ ಒಂದರ ಮೇಲೂ ನನ್ನ ಗುರುತಿರಲಿಲ್ಲ. ಈಗ ಒಂದು ಬಟ್ಟಲಿನ ಮೇಲೆ ನನ್ನ ಮುಖ. ಅಡುಗೆಮನೆಯ ಬಾಗಿಲಲ್ಲಿ ಸೊಸೆ ಒದ್ದೆ ಕೈ ಒರೆಸಿಕೊಳ್ಳುತ್ತ ನಿಂತಿದ್ದಳು. ಚೀಟಿ ಓದಿದಳು, ನನ್ನ ಮುಖ ನೋಡಿದಳು, ಒಳಗೆ ಹೋದಳು. ನಾನು ಆ ಬಟ್ಟಲನ್ನು ಷೋಕೇಸಿನಲ್ಲಿ ಇಟ್ಟೆ. ನಾಚಿಕೆಗೇಡು!

ಮುಂದಿನ ವಾರ ವಿಮಾ ಆಫೀಸಿನಲ್ಲಿ ದೊಡ್ಡ ಸಭೆ. ಶುಕ್ರವಾರ ಮಧ್ಯಾಹ್ನಕ್ಕೆ ಇನ್ನೂರು ಡಬ್ಬಿ. ಇಷ್ಟಕ್ಕೆಲ್ಲ ಸೊಸೆಯ ಜಾಡಿ ಸಾಲದು, ಮಗಳೇ ಮಾಡಿಕೊಳ್ಳುತ್ತಾಳೆ ಅಂತಾಯಿತು. ಗುರುವಾರ ಬೆಳಿಗ್ಗೆ ಅವಳು ಫೋನು ಮಾಡಿದ್ದು ತಮ್ಮನಿಗೆ. ನನ್ನ ಮಗ ಲಿಫ್ಟ್ ರಿಪೇರಿ ಮಾಡುವವನು. ಊರಿನ ಲಿಫ್ಟನ್ನೆಲ್ಲ ಮೇಲೆ ಕೆಳಗೆ ಓಡಿಸುವ ಅವನ ಮನೆ, ನಾವೆಲ್ಲ ಒಟ್ಟಿಗಿರುವ ಮನೆ, ಮೂರನೆಯ ಮಹಡಿಯಲ್ಲಿ, ಲಿಫ್ಟಿಲ್ಲ. ಅವನು ಮೊಟ್ಟೆ ತಿನ್ನುತ್ತ, ಒಂದು ಕೈಯಲ್ಲಿ ಫೋನು ಹಿಡಿದು ಕೂತಲ್ಲಿಂದಲೇ ಕೂಗಿದ:

“ಏಯ್, ಹಳದಿಗೆ ಏನೇನು ಎಷ್ಟೆಷ್ಟೇ?”

ಸೊಸೆ ಬಾಗಿಲ ಹತ್ತಿರ ಚಪ್ಪಲಿ ಹಾಕಿಕೊಳ್ಳುತ್ತಿದ್ದಳು. “ಎಣ್ಣೆ ಆರು ಮುಚ್ಚಳ, ವಿನೆಗರ್ ಎಂಟು ಮುಚ್ಚಳ, ಜೇನು ಒಂದು, ಸಾಸಿವೆ ಒಂದು. ಸಾಸಿವೆ ಎರಡು ದಿನ ನೆನೀಬೇಕು ಅಂತ ಹೇಳ್ರೀ. ಫೋನ್ ಇಲ್ಲಿ ಕೊಡಿ, ಅಕ್ಕನಿಗೆ ನಾನೇ ಹೇಳ್ತೀನಿ.”

“ಬಿಡು, ನಾನು ಹೇಳಿದೆ. ಅವಳು ಇಟ್ಟೂ ಬಿಟ್ಟಳು.”

ಇಷ್ಟೇ ಆದದ್ದು. ಎಲ್ಲ ಸೇರಿ ಒಂದು ನಿಮಿಷವೂ ಆಗಿರಲಿಲ್ಲ.

ಶುಕ್ರವಾರ ಮೂರು ಗಂಟೆಗೆ ಮಗಳು ಮೆಟ್ಟಿಲು ಹತ್ತಿ ಬಂದ ರಭಸಕ್ಕೇ ಏನೋ ಆಗಿದೆ ಅಂತ ಗೊತ್ತಾಯಿತು. ಉಸಿರು ಬಿಡಲೂ ಆಗದೆ ಕುರ್ಚಿಗೆ ಕುಸಿದಳು.

“ಮಾನ ಹೋಯ್ತಮ್ಮ! ಬಾಯಿಗಿಟ್ಟವರೆಲ್ಲ ಉಗುಳಿದ್ರು. ಹುಳಿ ಅಂದ್ರೆ ಹುಳಿ, ಕಹಿ ಬೇರೆ. ಇಬ್ಬರಿಗೆ ಗಂಟಲು ಉರಿ, ಒಬ್ಬರು ವಾಂತಿ ಮಾಡಿಕೊಂಡ್ರು. ಮ್ಯಾನೇಜರು ಎಲ್ಲರ ಎದುರಿಗೆ, ‘ಏನಮ್ಮ, ನೆಲ ತೊಳೆಯೋದನ್ನ ಹಾಕಿದ್ರಾ’ ಅಂದ.”

ನಮ್ಮವರು ನೀರು ತಂದುಕೊಟ್ಟರು. “ನೀನು ರುಚಿ ನೋಡಿರಲಿಲ್ವೇನಮ್ಮ?”

“ಇನ್ನೂರು ಡಬ್ಬಿ ತುಂಬೋ ಅವಸರದಲ್ಲಿ ರುಚಿ ನೋಡೋಕೆ ಟೈಮೆಲ್ಲಿ ಅಪ್ಪ? ಅವಳು ಹೇಳಿದ ಅಳತೆ, ಹಾಕಿದೆ. ಬೇಕೂಂತಲೇ ತಪ್ಪು ಹೇಳಿದಾಳೆ ಅವಳು! ಚೀಟಿ ಮೇಲೆ ಅಮ್ಮನ ಹೆಸರು ಹಾಕಿದ್ದಕ್ಕೆ ಹೊಟ್ಟೆಕಿಚ್ಚು.”

ಗಮನಿಸಿದಿರಾ? ಹೊಗಳಿದಾಗ ಅಮ್ಮನದು. ಉಗುಳಿದಾಗ ಅವಳದು. ನನಗೆ ಆಗ ಇದು ಹೊಳೆಯಲೇ ಇಲ್ಲ. ಮಗಳ ಕಣ್ಣೀರು ಒರೆಸಲು ಸೆರಗು ಹಿಡಿದು ಹೋದೆ, ಅಷ್ಟೇ.

ಭಾನುವಾರ ಪಂಚಾಯಿತಿ ಸೇರಿತು. ಊಟ ಮುಗಿದಿತ್ತು. ಯಾರೂ ಸರಿಯಾಗಿ ತಿಂದಿರಲಿಲ್ಲ, ಸೂಪು ಪಾತ್ರೆಯಲ್ಲೇ ಆರಿಹೋಗಿತ್ತು. ಮಗಳು ಮಾತು ಶುರುಮಾಡಿದಳು. ಸೊಸೆ ಎದ್ದು ಅಡುಗೆಮನೆಗೆ ಹೋದಳು. ಅತ್ತುಬಿಡುತ್ತಾಳೆ ಅಂದುಕೊಂಡೆ. ಅವಳು ಎಣ್ಣೆಯ ಐದು ಲೀಟರ್ ಕ್ಯಾನು, ವಿನೆಗರ್ ಬಾಟಲಿ, ಜೇನುತುಪ್ಪದ ಜಾಡಿ, ಸಾಸಿವೆ ನೆನೆಸುವ ಜಾಡಿ ಎಲ್ಲವನ್ನೂ ತಂದು ಮೇಜಿನ ಮೇಲೆ ಸಾಲಾಗಿ ಇಟ್ಟು, ಒಂದೊಂದರ ಮುಚ್ಚಳವನ್ನೂ ತಿರುಗಿಸಿ ತೆಗೆದು ಅದರದರ ಮುಂದಿಟ್ಟಳು. ಎಣ್ಣೆ ಕ್ಯಾನಿನ ಮುಚ್ಚಳ ಪುಟ್ಟ ಬಟ್ಟಲಿನಷ್ಟಿತ್ತು. ವಿನೆಗರಿನದು ನನ್ನ ಹೊಲಿಗೆಯ ಬೆರಳುಟೋಪಿಗಿಂತ ಒಂಚೂರು ದೊಡ್ಡದು. ಜೇನಿನದು, ಸಾಸಿವೆಯದು ಅಂಗೈಯಗಲ.

“ಅಕ್ಕ, ನೀವು ಯಾವ ಮುಚ್ಚಳದಲ್ಲಿ ಅಳೆದ್ರಿ?”

“ಯಾವುದು ಅಂದ್ರೆ? ಎಲ್ಲಕ್ಕೂ ಒಂದೇ. ನನ್ನ ದೊಡ್ಡ ಡಬ್ಬಿ ಮುಚ್ಚಳ.”

“ಎಣ್ಣೆಗೆ ಎಣ್ಣೇದು, ವಿನೆಗರಿಗೆ ವಿನೆಗರಿಂದು. ಅದರದರ ಮುಚ್ಚಳ. ಎಂಟು ಸೇರಿದ್ರೂ ಎಣ್ಣೆ ಮುಚ್ಚಳದಲ್ಲಿ ಎರಡಾಗುತ್ತೆ, ನೋಡಿ.” ಅವಳು ಎಲ್ಲರ ಎದುರಿಗೆ ಎಂಟು ಸಲ ವಿನೆಗರ್ ಅಳೆದು ಎಣ್ಣೆಯ ಮುಚ್ಚಳಕ್ಕೆ ಸುರಿದು ತೋರಿಸಿದಳು. ಹೌದು, ಎರಡೇ ಮುಚ್ಚಳ. “ಎರಡು ವರ್ಷದಿಂದ ದಿನಾ ತಿಂತಿದೀರಿ. ನಾನು ಯಾವ ಮುಚ್ಚಳದಲ್ಲಿ ಅಳೀತೀನಿ ಅಂತ ಈ ಮನೇಲಿ ಒಬ್ಬರಿಗಾದ್ರೂ ಗೊತ್ತಾ? ಅತ್ತೆ, ನಿಮಗೆ? ಮಾವ? ರೀ, ನಿಮಗೆ?”

ನಮ್ಮವರು ಕನ್ನಡಕ ತೆಗೆದು ಒರೆಸತೊಡಗಿದರು. ಮಗ ವಿನೆಗರಿನ ಮುಚ್ಚಳವನ್ನು ಕೈಯಲ್ಲಿ ಹಿಡಿದು ತಿರುಗಿಸಿ ತಿರುಗಿಸಿ ನೋಡಿದ. ನಾನು ಸೂಪಿನ ಪಾತ್ರೆ ಎತ್ತಿಡಲು ಎದ್ದೆ.

“ಎಣ್ಣೆಗಿಂತ ವಿನೆಗರ್ ಜಾಸ್ತಿ ಅಂದಾಗ ಅನುಮಾನ ಬರಲಿಲ್ವಾ ಅಕ್ಕ? ಅಡುಗೆ ಮಾಡೋರಲ್ವಾ ನೀವು? ಎರಡು ದಿನ ನೆನೀಬೇಕು ಅಂದಿದ್ದೆ, ಅದನ್ನಾದ್ರೂ ಕೇಳಿಸಿಕೊಂಡ್ರಾ?”

ಇಷ್ಟಾದ ಮೇಲೆ ಮಾತು ಮುಗಿಯಬೇಕಲ್ಲ? ಎಲ್ಲಿ ಮುಗಿಯುತ್ತದೆ! ಮಗಳು ಚೀಲದಿಂದ ಒಂದು ಕಾಗದ ತೆಗೆದು ಮುಚ್ಚಳಗಳ ಮಧ್ಯೆ ಇಟ್ಟಳು. ಆಫೀಸಿನವರು ಬರಹದಲ್ಲಿ ಕಾರಣ ಕೇಳಿದ್ದರಂತೆ. ಕಾರಣವನ್ನು ಮಗಳೇ ಟೈಪು ಮಾಡಿಸಿಕೊಂಡು ಬಂದಿದ್ದಳು: ‘ಡ್ರೆಸ್ಸಿಂಗಿನ ಅಳತೆಯನ್ನು ನಾನು ತಪ್ಪಾಗಿ ತಿಳಿಸಿದ್ದರಿಂದ ಈ ತೊಂದರೆಯಾಯಿತು. ಇದಕ್ಕೆ ನಾನೇ ಹೊಣೆ.’ ಕೆಳಗೆ ಸೊಸೆಯ ಹೆಸರು, ಸಹಿಗೆ ಖಾಲಿ ಜಾಗ.

“ಸರಿಯಾಗಿ ಬಿಡಿಸಿ ಹೇಳಬೇಕಿತ್ತು ತಾನೇ ನೀನು?” ಅಂದಳು. “ಒಂದು ಸೈನ್ ಹಾಕು. ನನ್ನ ಅಡುಗೆಮನೆ ತಪ್ಪಲ್ಲ, ಹೊರಗಿನವರು ಹೇಳಿದ್ದು ತಪ್ಪು ಅಂತಾದ್ರೆ ಅವರು ಬಿಟ್ಟುಬಿಡ್ತಾರೆ.”

“ಹೊರಗಿನವಳು,” ಅಂದಳು ಸೊಸೆ. ಒಂದು ಸಲ ಮಾತ್ರ ಅಂದಳು.

“ಅಯ್ಯೋ, ಮಾತಿಗೆ ಅಂದೆ ಕಣೇ.”

“ಅಳತೆ ತಪ್ಪು ಹೇಳಿದೆ ಅಂತ ನಾನು ಬರೆದುಕೊಟ್ರೆ, ನಾಳೆ ಮಗುವಿನ ಔಷಧಿ ನನ್ನ ಕೈಯಿಂದ ಯಾರು ತಗೋತಾರೆ ಅಕ್ಕ? ನನ್ನ ಹೊಟ್ಟೆಪಾಡೇ ಅಳತೆ. ನಾನು ಸೈನ್ ಹಾಕಲ್ಲ.”

“ಒಂದು ಸೈನ್ ತಾನೇ,” ಅಂದ ನನ್ನ ಮಗ. “ಆ ಆಫೀಸಿನ ಫೈಲಲ್ಲಿ ಬಿದ್ದಿರುತ್ತೆ. ಯಾರು ನೋಡ್ತಾರೆ?”

ಆಗ ನಾನು ಬಾಯಿ ತೆಗೆದೆ. ತೆಗೆಯಬಾರದಿತ್ತು. “ಹಾಕಿಬಿಡಮ್ಮ. ಮನೇಲಿ ನೆಮ್ಮದಿ ಇರುತ್ತೆ,” ಅಂದೆ.

ಅವಳು ನನ್ನನ್ನು ನೋಡಿದಳು. ಆಮೇಲೆ ಒಂದೊಂದೇ ಮುಚ್ಚಳವನ್ನು ಅದರದರ ಬಾಯಿಗೆ ತಿರುಗಿಸಿ ಬಿಗಿದು, ಎಲ್ಲವನ್ನೂ ಒಳಗಿಟ್ಟು ಬಂದು ಮೇಜು ಒರೆಸಿದಳು. ಕಾಗದವನ್ನು ಎತ್ತಿ ಒರೆಸಿ, ಮತ್ತೆ ಅಲ್ಲೇ ಇಟ್ಟಳು.

ಆ ಕಾಗದ ಫ್ರಿಜ್ಜಿನ ಮೇಲೆ ಒಂದು ವಾರ ಬಿದ್ದಿತ್ತು. ಮಗಳು ದಿನಾ ಫೋನು ಮಾಡಿ ಹಾಕಿದಳಾ, ಹಾಕಿದಳಾ ಅಂತ ಕೇಳುತ್ತಿದ್ದಳು. ಮಗ ಹೆಂಡತಿಯ ಹಿಂದೆ ಹಿಂದೆ ಸುತ್ತಿ, “ನನ್ನ ಮುಖ ನೋಡಿಯಾದ್ರೂ ಹಾಕೇ” ಅಂತ ಗೋಗರೆದ. “ನಿಮ್ಮ ಮುಖ ನೋಡೇ ಅವತ್ತು ಫೋನು ಕೊಡಿ ಅಂದಿದ್ದು,” ಅಂದಳು ಅವಳು. ಅಡುಗೆ ಮಾಡಿದಳು, ಬಟ್ಟೆ ಒಗೆದಳು, ಯಾವುದನ್ನೂ ಬಿಡಲಿಲ್ಲ. ಹಳದಿ ಮಾತ್ರ ಮಾಡಲಿಲ್ಲ. ನಮ್ಮವರ ಮುಂದೆ ಎಲೆಗಳು ಬರಿಮೈಯಲ್ಲಿ ಬಂದು ಕೂತವು.

“ಸ್ವಲ್ಪ ಹಳದಿ…” ಅಂದರು ನಮ್ಮವರು ಮೂರನೆಯ ದಿನ.

“ಅದು ಅಮ್ಮನ ಹಳದಿ ಅಲ್ವಾ ಮಾವ? ಅತ್ತೆ ಮಾಡಿಕೊಡ್ತಾರೆ.”

ನನ್ನ ಮೈಯೆಲ್ಲ ಉರಿಯಿತು. ಏನು ಸೊಕ್ಕು ಇವಳಿಗೆ, ಅಂದುಕೊಂಡೆ. ನಾಲ್ಕು ಮಾತು ಅಂದೂ ಅಂದೆ. “ಮಾಡಿದ್ದು ಒಂದು ಚಟ್ನಿಯಷ್ಟರ ಕೆಲಸ, ಅದಕ್ಕಿಷ್ಟು ಗತ್ತಾ?” ಅಂದೆ. ಅವಳು ಚೀಲ ಹೆಗಲಿಗೆ ಹಾಕಿಕೊಂಡು ಅಂಗಡಿಗೆ ಹೊರಟುಹೋದಳು. ನಮ್ಮವರು ಎಲೆಗಳನ್ನು ಒಂದು ಕಡೆ ಸರಿಸಿ ಆಲೂಗಡ್ಡೆ ತಿಂದರು. ಆ ವಾರದ ಕೊನೆಗೆ ಬಿ.ಪಿ. ನೋಡಿಸಿದರೆ ಮತ್ತೆ ಮೇಲೆ ಹತ್ತಿತ್ತು. ಡಾಕ್ಟರು ಮಾತ್ರೆ ಹೆಚ್ಚು ಬರೆದರು.

ಮಾತ್ರೆ ತರಲು ಯಾವಾಗಲೂ ಸೊಸೆಗೇ ಚೀಟಿ ಕೊಟ್ಟು ಕಳಿಸುತ್ತಿದ್ದೆವು. ಮಾತು ಬಿಟ್ಟಿದ್ದರಿಂದ ನಾನೇ ಹೋದೆ. ಅಂಗಡಿಯಲ್ಲಿ ಜನ ಇದ್ದರು. ಔಷಧಿ ಬೆರೆಸುವ ಕೌಂಟರಿನಲ್ಲಿ ನಿನ್ನೆ ಮೊನ್ನೆ ಸೇರಿದಂತಿದ್ದ ಒಬ್ಬ ಹುಡುಗಿ ಬಾಟಲಿಯನ್ನು ಬೆಳಕಿಗೆ ಹಿಡಿದು ಗೆರೆ ಹುಡುಕುತ್ತಿದ್ದಳು. ನನ್ನ ಸೊಸೆ ಎಲ್ಲಿ? ಅಂಗಡಿಯ ಇನ್ನೊಂದು ತುದಿಯಲ್ಲಿ, ನೆಲದ ಮೇಲೆ ಮಂಡಿಯೂರಿ ಸೋಪು ಶಾಂಪೂಗಳ ರಟ್ಟಿನ ಪೆಟ್ಟಿಗೆ ಬಿಚ್ಚುತ್ತಿದ್ದಳು.

ಮಗು ಎತ್ತಿಕೊಂಡಿದ್ದ ಒಬ್ಬ ತಾಯಿ ಮಾಲೀಕನಿಗೆ ಹೇಳುತ್ತಿದ್ದಳು: “ಆ ಅಕ್ಕ ಬೆರೆಸಿ ಕೊಡಲಿ. ಯಾವಾಗಲೂ ಅವರೇ ಕೊಡೋದು.”

“ಅವರು ಸದ್ಯಕ್ಕೆ ಆ ಕೆಲಸ ಮಾಡಲ್ಲಮ್ಮ.”

ನಾನು ಮಾಲೀಕನ ಹತ್ತಿರ ಹೋದೆ. ಸೊಸೆಯ ಅತ್ತೆ ಅಂತ ಅವನಿಗೆ ಗೊತ್ತು. “ಯಾಕಪ್ಪ? ಏನಾಯ್ತು?” ಅಂದೆ.

ಅವನು ತಗ್ಗಿದ ದನಿಯಲ್ಲಿ ಹೇಳಿದ: “ಒಳ್ಳೆ ಕೆಲಸಗಾರ್ತಿ, ನನಗೂ ಬೇಜಾರೇ ಅಮ್ಮ. ಆದ್ರೆ ವಿಮಾ ಆಫೀಸಿನವರೆಲ್ಲ ನಮ್ಮ ಗಿರಾಕಿಗಳು. ಇವರು ಅಳತೆ ತಪ್ಪು ಹೇಳಿ ಜನಕ್ಕೆ ವಾಂತಿ ಆಯ್ತಂತೆ, ಅಂತ ಮಾತು ಬಂತು. ಹೇಳಿದ್ದು ಬೇರೆ ಯಾರೋ ಆಗಿದ್ರೆ ನಂಬ್ತಿರಲಿಲ್ಲ. ಅವರ ಸ್ವಂತ ನಾದಿನೀನೇ ಹೇಳಿದ್ರಂತೆ. ವಿಷಯ ತೀರ್ಮಾನ ಆಗ್ಲಿ, ಆಮೇಲೆ ನೋಡೋಣ. ತಿಂಗಳ ಕೊನೆವರೆಗೂ ಕಾಯ್ತೀನಿ.”

“ಯಾವತ್ತಿಂದ ಹೀಗೆ?”

“ಮಂಗಳವಾರದಿಂದ.”

ಆ ದಿನ ಶನಿವಾರ. ನಾಲ್ಕು ದಿನ ಅವಳು ಇಲ್ಲಿ ಮಂಡಿಯೂರಿ, ಮನೆಗೆ ಬಂದು ನಮಗೆ ಬೇಯಿಸಿ ಹಾಕಿದ್ದಳು. ಒಂದು ಮಾತೂ ಹೇಳಿರಲಿಲ್ಲ. ಯಾರಿಗೆ ಹೇಳಬೇಕಿತ್ತು? ಸೈನ್ ಹಾಕು ಅನ್ನುವ ಗಂಡನಿಗೋ, ಸೊಕ್ಕು ಅನ್ನುವ ಅತ್ತೆಗೋ?

ಅವಳು ತಲೆಯೆತ್ತಿ ನನ್ನನ್ನು ಕಂಡಳು. ಮುಖ ತಿರುಗಿಸಲಿಲ್ಲ. “ಬಿ.ಪಿ. ಮಾತ್ರೆನಾ ಅತ್ತೆ? ಆ ಕೌಂಟರಲ್ಲಿ ಕೇಳಿ,” ಅಂದು ಮತ್ತೆ ಸೋಪು ಜೋಡಿಸತೊಡಗಿದಳು.

ಆಗ ಬಂತು ನೋಡಿ ನನಗೆ ಸಿಟ್ಟು. ನನ್ನ ಮಗಳ ಮೇಲೆ, ನನ್ನ ಮಗನ ಮೇಲೆ, ಷೋಕೇಸಿನಲ್ಲಿ ಕನ್ನಡಕ ಹಾಕಿಕೊಂಡು ಕೂತ ಆ ಮುದುಕಿಯ ಮೇಲೆ. ಮೂರು ಮಹಡಿ ಹೇಗೆ ಹತ್ತಿದೆನೋ ಗೊತ್ತಿಲ್ಲ. ಒಳಗೆ ಬಂದವಳೇ ಆ ಬಟ್ಟಲನ್ನು ಎತ್ತಿ ಕಸದ ಡಬ್ಬಿಗೆ ಎಸೆದೆ.

“ಏಳಿ, ಪೆನ್ನು ತಗೊಳ್ಳಿ,” ಅಂದೆ ನಮ್ಮವರಿಗೆ. ಅವರ ಅಕ್ಷರ ಮುತ್ತಿನಂಥದು. “ಬರೀರಿ. ಮ್ಯಾನೇಜರಿಗೆ.”

ನಾನು ಹೇಳುತ್ತ ಹೋದೆ, ಅವರು ಬರೆಯುತ್ತ ಹೋದರು. ಚೀಟಿಯ ಮೇಲೆ ಅಮ್ಮ ಅಂತ ಬರೆದಿರುವುದು ನನ್ನನ್ನು. ನಾನು ಆ ಹಳದಿಯನ್ನು ಒಂದು ದಿನವೂ ಮಾಡಿದವಳಲ್ಲ. ಮಾಡಿದವಳು ನನ್ನ ಸೊಸೆ. ಅವಳು ಹೇಳಿದ ಅಳತೆ ಸರಿಯಾಗಿತ್ತು. ನನ್ನ ಮಗಳು ಯಾವ ಮುಚ್ಚಳ ಅಂತ ಕೇಳಲಿಲ್ಲ, ಸಾಸಿವೆ ನೆನೆಯಲು ಬಿಡಲಿಲ್ಲ, ರುಚಿ ನೋಡಲಿಲ್ಲ.

ಇಲ್ಲಿಗೆ ಬಂದಾಗ ನಮ್ಮವರ ಪೆನ್ನು ನಿಂತಿತು. “ಹೆತ್ತ ಮಗಳ ಮೇಲೆ ಹೀಗೆ ಬರೆಯೋದೇನೇ? ‘ಸಣ್ಣ ಗೊಂದಲವಾಯಿತು’ ಅಂತ ಹಾಕಿದ್ರೆ ಆಗಲ್ವಾ?”

“ಸೊಸೆ ಬಗ್ಗೆ ಬರೆಯೋವಾಗ ನಿಮ್ಮ ಮಗಳು ಗೊಂದಲ ಅಂತ ಬರೆದಿದ್ಲಾ? ಹೊಣೆ ಅಂತ ಬರೆದಿದ್ಲು. ಬರೀರಿ ಸುಮ್ನೆ.”

“ಕೊನೆಗೆ ಏನು?”

“‘ಇದೆಲ್ಲ ಗೊತ್ತಿದ್ದೂ ನಾನು ಸುಮ್ಮನಿದ್ದೆ.’ ಅಷ್ಟು ಬರೆದು ಕೊಡಿ, ಸೈನ್ ಹಾಕ್ತೀನಿ.”

ಎರಡು ಪ್ರತಿ ಮಾಡಿಸಿದೆ, ಆಫೀಸಿಗೊಂದು, ಅಂಗಡಿಗೊಂದು. ಆದರೆ ಕದ್ದುಮುಚ್ಚಿ ಕೊಡುವುದು ನನ್ನ ಜಾಯಮಾನವಲ್ಲ. ಸೋಮವಾರ ಬೆಳಿಗ್ಗೆ ಮೊದಲು ಮಗಳ ಅಡುಗೆಮನೆಗೇ ಹೋದೆ. ಒಲೆಗಳೆಲ್ಲ ಉರಿಯುತ್ತಿದ್ದವು, ನಾಲ್ಕು ಜನ ಹೆಂಗಸರು ಈರುಳ್ಳಿ ಹೆಚ್ಚುತ್ತಿದ್ದರು. ಅವರ ಎದುರಿಗೇ ಕಾಗದ ಓದಿದೆ. ಮಗಳ ಮುಖ ಕೆಂಪಾಯಿತು.

“ತಲೆ ಕೆಟ್ಟಿದೆಯಾ ಅಮ್ಮ ನಿಂಗೆ? ಇದನ್ನ ಕೊಟ್ರೆ ಆ ಆಫೀಸು ನನ್ನ ಕೈ ತಪ್ಪುತ್ತೆ. ಈ ನಾಲ್ಕು ಜನಕ್ಕೆ ನೀನು ಊಟ ಹಾಕ್ತೀಯಾ?”

ಈರುಳ್ಳಿ ಹೆಚ್ಚುವ ಸದ್ದು ನಿಂತಿತು. ಆ ಮಾತು ಇವತ್ತಿಗೂ ನನ್ನನ್ನು ಚುಚ್ಚುತ್ತದೆ. “ಅದಕ್ಕೆ ಇನ್ನೊಬ್ಬಳ ಕೆಲಸ ತೆಗೀತೀಯಾ?” ಅಂತಷ್ಟೇ ಅಂದೆ. “ಅವಳ ಸೈನ್ ಕೇಳಿದ್ದು ನೀನು. ಅದು ಸಾಲದು ಅಂತ ಅವಳ ಬಗ್ಗೆ ಆಫೀಸೆಲ್ಲ ಹೇಳಿಕೊಂಡು ಬಂದ್ಯಲ್ಲ, ನಿಂಗೆ ಮನಸ್ಸಾದ್ರೂ ಹೇಗೆ ಬಂತು?”

“ನೀನು ನನ್ನ ಅಮ್ಮನೋ, ಅವಳ ಅಮ್ಮನೋ?”

“ನಿನ್ನಮ್ಮಾನೇ. ಚೀಟಿ ಮೇಲೆ ನೀನೇ ಬರೆಸಿದ್ದೀಯಲ್ಲ. ಅದಕ್ಕೇ ಸೈನ್ ನಾನು ಹಾಕಿರೋದು.”

ಅವಳು ಬಾಗಿಲ ಕಡೆ ಕೈ ತೋರಿಸಿದಳು. ನಾನು ಹೊರಟೆ. ಆಫೀಸಿನಲ್ಲಿ ಕಾಗದ ಕೊಟ್ಟು ಮುದ್ರೆ ಹಾಕಿಸಿಕೊಂಡೆ. ಅಂಗಡಿಯಲ್ಲಿ ಮಾಲೀಕ ಎರಡು ಸಲ ಓದಿ, ಮಡಚಿ ಜೇಬಿಗಿಟ್ಟುಕೊಂಡು, “ಆಯ್ತಮ್ಮ,” ಅಂದ. ಬುಧವಾರ ಸೊಸೆ ತನ್ನ ಕೌಂಟರಿಗೆ ಹೋದಳು. ವಿಮಾ ಆಫೀಸು ನನ್ನ ಮಗಳಿಗೆ ಕೊಟ್ಟ ಕೆಲಸ ನಿಲ್ಲಿಸಿತು. ಅವಳು ನಾಲ್ವರಲ್ಲಿ ಒಬ್ಬಳನ್ನು ಬಿಡಿಸಬೇಕಾಯಿತಂತೆ. ಅಂದಿನಿಂದ ಅವಳು ನನ್ನ ಫೋನು ಎತ್ತಿಲ್ಲ. ನೋವಾಗಲಿಲ್ಲ ಅಂದರೆ ಸುಳ್ಳು. ಹೆತ್ತ ಹೊಟ್ಟೆ, ಊಟಕ್ಕೆ ಕೂತಾಗೆಲ್ಲ ನೆನಪಾಗುತ್ತಾಳೆ.

ಬುಧವಾರ ಸಂಜೆ ಸೊಸೆ ಬಂದಾಗ ನಾನು ಬಾಗಿಲಲ್ಲೇ ಕಾದಿದ್ದೆ. ಅವಳು ಕಣ್ಣು ತುಂಬಿಕೊಂಡು ಕೈ ಹಿಡಿಯುತ್ತಾಳೆ ಅಂತ ಎಲ್ಲೋ ಒಂದು ಮೂಲೆಯಲ್ಲಿ ಆಸೆಯಿತ್ತು, ಮುಚ್ಚಿಡುವುದೇಕೆ. ಅವಳು ಚಪ್ಪಲಿ ಬಿಟ್ಟು, ಚೀಲ ಇಟ್ಟು, ನೀರು ಕುಡಿದಳು.

“ಕಾಗದ ಓದಿದೆ ಅತ್ತೆ. ಮಾಲೀಕರು ತೋರಿಸಿದ್ರು.”

“ಹೂಂ.”

“ಇದನ್ನ ಆ ಭಾನುವಾರಾನೇ ಹೇಳಬಹುದಿತ್ತಲ್ಲ? ಮುಚ್ಚಳ ಎಲ್ಲ ನಿಮ್ಮ ಕಣ್ಣೆದುರಿಗೇ ಇತ್ತಲ್ಲ?”

“ಹೇಳಬಹುದಿತ್ತು,” ಅಂದೆ. ಅವಳು ತಲೆಯಾಡಿಸಿ ಒಳಗೆ ಹೋದಳು.

ಭಾನುವಾರ ಬೆಳಿಗ್ಗೆ ನಾನು ಅಡುಗೆಮನೆಯಲ್ಲಿ ನಿಂತು, “ಹೇಳಿಕೊಡಮ್ಮ, ಹೇಗೆ ಮಾಡೋದು?” ಅಂತ ಕೇಳಿದೆ. ಸಾಸಿವೆಯನ್ನು ಶುಕ್ರವಾರವೇ ನೆನೆಸಿಟ್ಟಿದ್ದೆ. ಅವಳು ಕುರ್ಚಿ ಎಳೆದುಕೊಂಡು ಕೂತು, ಬಾಯಲ್ಲೇ ಹೇಳಿದಳು. ನಾನು ಅಳೆದೆ, ಜಜ್ಜಿದೆ, ಎಣ್ಣೆ ಹಾಕಿ ಕುಲುಕಿದೆ. ಐದು ನಿಮಿಷಕ್ಕೆ ನನ್ನ ತೋಳು ಬಿದ್ದುಹೋಯಿತು. ಅವಳು ಏಳಲಿಲ್ಲ. “ಇನ್ನೂ ಸೇರಿಲ್ಲ, ಕುಲುಕಿ,” ಅಂದಳು. ಕುಲುಕಿದೆ. ಎಲೆ ತೊಳೆದೆ, ಸೌತೆಕಾಯಿ ಹೆಚ್ಚಿದೆ, ಎಲ್ಲರಿಗೂ ಬಡಿಸಿದೆ. ಅವಳಿಗೆ ಮೊದಲು ಬಡಿಸಿದೆ.

ಅವಳು ಒಂದು ತುತ್ತು ತಿಂದು ಚಮಚ ಕೆಳಗಿಟ್ಟಳು.

“ಎಲೆ ಒರೆಸಿಲ್ಲ ನೀವು. ಒದ್ದೆ ಎಲೆಗೆ ಹಳದಿ ಹಿಡಿಯಲ್ಲ, ಜಾರಿ ತಳಕ್ಕೆ ಹೋಗುತ್ತೆ. ನೋಡಿ, ಬರೀ ನೀರು. ಚೆನ್ನಾಗಿಲ್ಲ.”

“ಪರವಾಗಿಲ್ಲ ಬಿಡೇ,” ಅಂದ ನನ್ನ ಮಗ, ಎಂದಿನ ಹಾಗೆ. “ಪಾಪ, ಅಮ್ಮ ಇಷ್ಟು ಕಷ್ಟಪಟ್ಟು…”

“ನೀನು ಬಾಯಿ ಮುಚ್ಚಿಕೊಂಡು ತಿನ್ನು,” ಅಂದೆ ಅವನಿಗೆ. “ಅವಳು ಹೇಳಲಿ.”

ಅವಳು ಹೇಳಿದಳು. ಒದ್ದೆ ಎಲೆಯಿಂದ ಶುರುವಾದದ್ದು ಅಲ್ಲಿಗೆ ನಿಲ್ಲಲಿಲ್ಲ. ಬಾಗಿಲಲ್ಲಿ ಚಪ್ಪಲಿ ಹಾಕಿಕೊಳ್ಳುವಾಗ ಕೂಗಿ ಕೇಳಿದ್ದು, ಹೊರಗಿನವಳು ಅಂದಾಗ ನಾವೆಲ್ಲ ಕೇಳಿಯೂ ಕೇಳದಂತೆ ಕೂತಿದ್ದು, ನಾಲ್ಕು ದಿನ ಸೋಪಿನ ಪೆಟ್ಟಿಗೆ ಬಿಚ್ಚಿದ್ದು, ಒಂದೊಂದನ್ನೂ ಹೆಸರು ಹಿಡಿದು, ಪಕ್ಕದ ಮನೆಯ ಕಿಟಕಿ ತೆರೆಯುವಷ್ಟು ಗಟ್ಟಿಯಾಗಿ ಹೇಳಿದಳು. ನಮ್ಮವರು ತಲೆ ತಗ್ಗಿಸಿ ಕೇಳಿದರು. ಮಗನ ಕೈಯಲ್ಲಿ ಚಮಚ ಹಾಗೇ ಇತ್ತು. ಊಟ ಆರಿಹೋಯಿತು. ಅವಳು ಮುಗಿಸುವವರೆಗೆ ನಮ್ಮಲ್ಲಿ ಒಬ್ಬರೂ ಮೇಜು ಬಿಟ್ಟು ಏಳಲಿಲ್ಲ.